ಐಸ್ ಬೇಡ, ಫ್ರಿಜ್ ಬೇಡ: ಮಡಕೆಯಲ್ಲಿ ತಣ್ಣಗಾಗುವ ದ್ರಾಕ್ಷಿ ಜೆಲ್ಲಿ



ಶಿವರಾತ್ರಿಗೆ ಚಳಿ ‘ಶಿವ ಶಿವಾ’ ಅಂತ ಹೊರಟುಹೋಗುತ್ತದೆ ಎಂದು ಹಿರಿಯರು ಹೇಳುತ್ತಾರೆ. ನಮ್ಮ ನಂದಿಯಲ್ಲಿ ಭೋಗನಂದೀಶ್ವರನ ತೇರು ಎಳೆದು ಮುಗಿಸುವ ಹೊತ್ತಿಗೆ ಬಿಸಿಲು ನೆತ್ತಿಗೆ ಬಂದಿರುತ್ತದೆ. ಆಮೇಲೆ ಮೂರು ತಿಂಗಳು ಎಲ್ಲರ ಬಾಯಲ್ಲೂ ಒಂದೇ ಮಾತು: “ತಣ್ಣಗೆ ಏನಾದ್ರೂ ಕೊಡಿ.”

ಹೋದ ವರ್ಷ ನಾವು ನೆಂಟರ ಊರಿನ ಒಂದು ಜಾತ್ರೆಗೆ ಹೋಗಿದ್ದೆವು. ಅಲ್ಲಿ ನನ್ನ ತಮ್ಮ ಕೆಂಪು ಬಣ್ಣದ ಐಸ್ ಶರಬತ್ತು ಎರಡು ಲೋಟ ಕುಡಿದ. ರಾತ್ರಿ ಮನೆಗೆ ಬಂದ ಮೇಲೆ ಶುರುವಾಯಿತು ವಾಂತಿ, ಭೇದಿ. ಬೆಳಗಿನ ಜಾವದ ಹೊತ್ತಿಗೆ ಅವನ ಕಣ್ಣು ಒಳಗೆ ಹೋಗಿತ್ತು, ಮಾತಾಡಲೂ ಶಕ್ತಿ ಇರಲಿಲ್ಲ. ಅಮ್ಮ ಉಪ್ಪು ಸಕ್ಕರೆ ನೀರು ಕುಡಿಸುತ್ತಾ ಅಳುತ್ತಿದ್ದರು. ಅಪ್ಪ ಅವನನ್ನು ಬೈಕಿನಲ್ಲಿ ಮುಂದೆ ಕೂರಿಸಿಕೊಂಡು ಆಸ್ಪತ್ರೆಗೆ ಹೋದರು. ಎರಡು ಬಾಟಲಿ ಗ್ಲೂಕೋಸ್ ಹಾಕಿದ ಮೇಲೆ ಚೇತರಿಸಿಕೊಂಡ. ಡಾಕ್ಟರು ಅಪ್ಪನಿಗೆ ಹೇಳಿದ್ದು ಇಷ್ಟು: “ಐಸ್ ಆದ ತಕ್ಷಣ ಕ್ರಿಮಿ ಸತ್ತುಹೋಗುತ್ತೆ ಅಂದ್ಕೋಬೇಡಿ. ನೀರು ಎಂಥದ್ದೋ ಐಸೂ ಅಂಥದ್ದೇ.”

ಈ ಮಾತು ನನಗೆ ಹೊಸದು. ಚಳಿಗೆ ಕ್ರಿಮಿಗಳು ಸಾಯುತ್ತವೆ ಅಂತಲೇ ನಾನು ತಿಳಿದಿದ್ದೆ. ವಿಜ್ಞಾನದ ಮೇಡಂ ಅವರನ್ನು ಕೇಳಿದೆ. ಹೆಪ್ಪುಗಟ್ಟಿದಾಗ ಬಹಳ ಕ್ರಿಮಿಗಳು ಬೆಳೆಯುವುದನ್ನು ನಿಲ್ಲಿಸುತ್ತವೆ ಅಷ್ಟೆ, ಐಸ್ ಕರಗಿದಾಗ ಮತ್ತೆ ಎದ್ದು ಕೂರುತ್ತವೆ ಎಂದರು. ಅಲ್ಲದೆ ಎಲ್ಲ ಐಸೂ ತಿನ್ನುವುದಕ್ಕೆ ಅಂತ ಮಾಡಿದ್ದಲ್ಲ. ಸಾಮಾನು ತಣ್ಣಗಿಡುವುದಕ್ಕೆ ಮಾಡುವ ಐಸ್ ಗಡ್ಡೆಯೂ ಇರುತ್ತದೆ. ತಿನ್ನಬಾರದ ಐಸಿಗೆ ನೀಲಿ ಬಣ್ಣ ಹಾಕಬೇಕೆಂಬ ನಿಯಮವಿದೆ, ಬಣ್ಣ ಹಾಕದಿದ್ದರೆ ನೋಡುವುದಕ್ಕೆ ಎರಡೂ ಒಂದೇ ತರಹ.

ಅಂದಿನಿಂದ ನಮ್ಮ ಮನೆಯಲ್ಲಿ ಗಾಡಿ ಐಸ್ ಬಂದ್. ತಮ್ಮ ಬಿಡಬೇಕಲ್ಲ! ಬಿಸಿಲು ಏರಿದ ಹಾಗೆ ಅವನ ರಾಗವೂ ಏರುತ್ತಿತ್ತು. ನಮ್ಮ ಮನೆಯಲ್ಲಿ ಫ್ರಿಜ್ ಇಲ್ಲ. ಇರುವ ಮನೆಗಳಲ್ಲೂ ಮಧ್ಯಾಹ್ನ ಕರೆಂಟು ಹೋದರೆ ಅದು ಬರೀ ಬೀರು. ಅದಕ್ಕೇ ಈ ಪಾಠ. ಮನೆಯ ಮಡಕೆ, ನಮ್ಮ ತೋಟದ ಕಪ್ಪು ದ್ರಾಕ್ಷಿ, ಅಂಗಡಿಯ ಒಂದು ಸಣ್ಣ ಪೊಟ್ಟಣ, ಇಷ್ಟರಲ್ಲಿ ತಣ್ಣಗಿನ ಹಗುರವಾದ ಸಿಹಿ ಮಾಡಬಹುದು. ನಾನು ಮೂರು ಸಲ ಕೆಡಿಸಿ, ನಾಲ್ಕನೇ ಸಲ ಸರಿ ಮಾಡಿದ್ದೇನೆ. ಕೆಟ್ಟದ್ದು ಯಾಕೆ ಎಂಬುದನ್ನೂ ಬರೆದಿದ್ದೇನೆ.

ತಂಪು ಎಲ್ಲಿಂದ ಬರುತ್ತದೆ?

ಹಿಂದಿನ ಕಾಲದ ದೊಡ್ಡವರು ತಂಪು ಬೇಕಾದರೆ ನಮ್ಮ ಬೆಟ್ಟ ಹತ್ತುತ್ತಿದ್ದರು. ಟಿಪ್ಪು ಸುಲ್ತಾನನ ಬೇಸಿಗೆ ಅರಮನೆ ಮೇಲಿದೆ. ಮೈಸೂರಿನ ಕಮಿಷನರ್ ಆಗಿದ್ದ ಕಬ್ಬನ್ ಸಾಹೇಬರ ಬೇಸಿಗೆ ಮನೆಯೂ ಮೇಲಿದೆ, ಅದೇ ಈಗಿನ ನೆಹರೂ ನಿಲಯ. ನಂದಿ ಬೆಟ್ಟದ ಎತ್ತರ 1478 ಮೀಟರ್. ಸಾವಿರ ಮೀಟರ್ ಮೇಲೆ ಹೋದರೆ ಗಾಳಿ ಸರಾಸರಿ 6.5 ಡಿಗ್ರಿ ತಣ್ಣಗಾಗುತ್ತದೆ ಎಂದು ಭೂಗೋಳದಲ್ಲಿ ಓದಿದ್ದೇವೆ. ನಮ್ಮ ಊರಿಗೂ ಬೆಟ್ಟದ ತುದಿಗೂ ಐನೂರು ಮೀಟರಿನ ಮೇಲೆ ವ್ಯತ್ಯಾಸ ಇರುವುದರಿಂದ ಮೂರು ನಾಲ್ಕು ಡಿಗ್ರಿ ಕಡಿಮೆ ಸಿಗುತ್ತದೆ. ಅಷ್ಟಕ್ಕೇ ಕುದುರೆ, ಪಲ್ಲಕ್ಕಿ ಎಲ್ಲ ಬೇಕಾಗಿತ್ತು.

ಇನ್ನೂ ದೊಡ್ಡ ಕಥೆ ಐಸಿನದು. 1833ರಲ್ಲಿ ಅಮೆರಿಕದ ಬಾಸ್ಟನ್ ಊರಿನಿಂದ ‘ಟಸ್ಕನಿ’ ಎಂಬ ಹಡಗು ಕಲ್ಕತ್ತೆಗೆ ಬಂತು. ಅದರ ಹೊಟ್ಟೆಯಲ್ಲಿ ಇದ್ದದ್ದು ಚಳಿಗಾಲದಲ್ಲಿ ಕೆರೆಯ ಮೇಲೆ ಕಟ್ಟಿದ ಐಸ್! ಫ್ರೆಡರಿಕ್ ಟ್ಯೂಡರ್ ಎಂಬ ವ್ಯಾಪಾರಿ ಕಳಿಸಿದ್ದು. ನಾಲ್ಕು ತಿಂಗಳ ಪ್ರಯಾಣ. ಹೊರಟಾಗ 180 ಟನ್ ಇದ್ದದ್ದು ತಲುಪಿದಾಗ ಸುಮಾರು 100 ಟನ್ ಉಳಿದಿತ್ತು. ಮರದ ಹೊಟ್ಟಿನಲ್ಲಿ ಮುಚ್ಚಿಟ್ಟರೆ ಶಾಖ ಒಳಗೆ ಬರುವುದು ನಿಧಾನ, ಅದೇ ಗುಟ್ಟು. ಆಮೇಲೆ ಮದರಾಸಿನ ಕಡಲ ದಂಡೆಯಲ್ಲಿ 1842ರಲ್ಲಿ ಐಸ್ ಇಡುವುದಕ್ಕೇ ಒಂದು ಕಟ್ಟಡ ಕಟ್ಟಿದರು. 1897ರಲ್ಲಿ ಸ್ವಾಮಿ ವಿವೇಕಾನಂದರು ಉಳಿದುಕೊಂಡಿದ್ದ ‘ಐಸ್ ಹೌಸ್’ ಅದೇ. ಈಗ ವಿವೇಕಾನಂದರ್ ಇಲ್ಲಂ ಅನ್ನುತ್ತಾರೆ. ಚೆನ್ನೈಗೆ ಹೋದವರು ಮರೀನಾ ರಸ್ತೆಯಲ್ಲಿ ನೋಡಬಹುದು.

ಇದನ್ನೆಲ್ಲ ಓದಿ ಅಜ್ಜಿಗೆ ಹೇಳಿದೆ. ಅಜ್ಜಿ ನಕ್ಕರು. “ಅಮೆರಿಕದಿಂದ ಐಸ್ ತರಿಸ್ಕೊಂಡ್ರಾ? ಒಂದು ಮಡಕೆ ಸಿಗ್ಲಿಲ್ವಾ ಅವರಿಗೆ? ನಿಮ್ ತಾತ ಹೊಲದಿಂದ ಬಂದು ಮಡಕೆ ನೀರು ಒಂದು ಚೊಂಬು ಎತ್ತಿ ಕುಡಿದ್ರೆ ‘ಅಬ್ಬಾ, ಜೀವ ಬಂತು’ ಅನ್ನೋರು ಕಣೇ” ಎಂದರು.

ಅಜ್ಜಿ ಹೇಳಿದ್ದರಲ್ಲಿ ನಮ್ಮ ಪುಸ್ತಕದ ಪಾಠವೇ ಇದೆ. ಮಣ್ಣಿನ ಮಡಕೆಯ ಮೈಯಲ್ಲಿ ಕಣ್ಣಿಗೆ ಕಾಣದ ಸಣ್ಣ ಸಣ್ಣ ರಂಧ್ರಗಳಿರುತ್ತವೆ. ಒಳಗಿನ ನೀರು ಅವುಗಳ ಮೂಲಕ ಹೊರಗೆ ಜಿನುಗಿ ಗಾಳಿಗೆ ಆವಿಯಾಗುತ್ತದೆ. ಆವಿಯಾಗಬೇಕಾದರೆ ಶಾಖ ಬೇಕು. ಅದನ್ನು ಮಡಕೆಯಿಂದ ಮತ್ತು ಉಳಿದ ನೀರಿನಿಂದಲೇ ಎಳೆದುಕೊಳ್ಳುತ್ತದೆ. ಇದನ್ನೇ ಬಾಷ್ಪೀಭವನದ ಗುಪ್ತೋಷ್ಣ ಎನ್ನುವುದು. ಬೆವರಿದ ಮೈಗೆ ಗಾಳಿ ಬೀಸಿದರೆ ಹಾಯ್ ಅನ್ನಿಸುವುದಕ್ಕೂ ಇದೇ ಕಾರಣ.

ಎಷ್ಟು ತಣ್ಣಗಾಗುತ್ತದೆ? ಲೆಕ್ಕ ಮಾಡೋಣ. ಒಂದು ಗ್ರಾಂ ನೀರು ನಮ್ಮ ಊರಿನ ಬಿಸಿಲಲ್ಲಿ ಆವಿಯಾಗಲು ಸುಮಾರು 580 ಕ್ಯಾಲೊರಿ ಶಾಖ ಬೇಕು. ಒಂದು ಗ್ರಾಂ ನೀರನ್ನು ಒಂದು ಡಿಗ್ರಿ ತಣ್ಣಗೆ ಮಾಡಲು ತೆಗೆಯಬೇಕಾದದ್ದು ಬರೀ 1 ಕ್ಯಾಲೊರಿ. ಮಡಕೆಯಲ್ಲಿ ಒಂದು ಲೀಟರ್, ಅಂದರೆ 1000 ಗ್ರಾಂ ನೀರು ಇದೆ ಎಂದುಕೊಳ್ಳಿ. ಅದರಲ್ಲಿ 10 ಗ್ರಾಂ, ಅಂದರೆ ಎರಡು ಟೀ ಚಮಚ ಆವಿಯಾದರೆ 5800 ಕ್ಯಾಲೊರಿ ಹೋಯಿತು. ಉಳಿದ ನೀರು ಹತ್ತಿರ ಹತ್ತಿರ 5.8 ಡಿಗ್ರಿ ಇಳಿಯಬೇಕು. ಹೊರಗಿನ ಬಿಸಿಯೂ ಒಳಗೆ ಬರುತ್ತಿರುವುದರಿಂದ ಲೆಕ್ಕದಷ್ಟು ಆಗುವುದಿಲ್ಲ. ಆದರೂ ಎರಡು ಚಮಚ ನೀರಿಗೆ ಇಷ್ಟು ಕೆಲಸ!

ಮೇಡಂ ಅವರಿಂದ ಥರ್ಮಾಮೀಟರ್ ಕೇಳಿ ತಂದು ಒಂದು ಮಧ್ಯಾಹ್ನ ಅಳೆದೆ. ನಡುಮನೆಯ ಗಾಳಿ 33 ಡಿಗ್ರಿ. ಸ್ಟೀಲ್ ಬಿಂದಿಗೆಯ ನೀರು 31. ಕಿಟಕಿ ಪಕ್ಕದ ಮಡಕೆಯ ನೀರು 23. ತಮ್ಮ ನಂಬಲಿಲ್ಲ, ಮೂರು ಸಲ ಅದ್ದಿ ನೋಡಿದ.

ಒಂದು ವಿಷಯ ನೆನಪಿಡಿ. ಗಾಳಿ ಒಣಗಿದ್ದರೆ ಮಾತ್ರ ಈ ಆಟ ನಡೆಯುತ್ತದೆ. ನಮ್ಮ ಚಿಕ್ಕಬಳ್ಳಾಪುರದ ಕಡೆ ಮಾರ್ಚ್, ಏಪ್ರಿಲ್‌ನಲ್ಲಿ ಗಾಳಿ ಒಣಗಿರುತ್ತದೆ, ಒಗೆದ ಬಟ್ಟೆ ಗಳಿಗೆಯಲ್ಲಿ ಆರುತ್ತದೆ. ಮಂಗಳೂರು ಕಡೆ ಗಾಳಿಯಲ್ಲೇ ನೀರಿನ ಪಸೆ ಜಾಸ್ತಿ, ಅಲ್ಲಿ ಮಡಕೆ ಇಷ್ಟು ತಣ್ಣಗಾಗುವುದಿಲ್ಲ. ಬಣ್ಣ ಬಳಿದ ಮಡಕೆಯೂ ಪ್ರಯೋಜನವಿಲ್ಲ, ರಂಧ್ರ ಮುಚ್ಚಿಹೋಗಿರುತ್ತದೆ. ಹಳೇ ಮಡಕೆಯ ಹೊರಮೈಗೆ ಬಿಳೀ ಉಪ್ಪು ಕಟ್ಟಿದ್ದರೆ ತೆಂಗಿನ ನಾರಿನಿಂದ ತಿಕ್ಕಿ ತೊಳೆಯಿರಿ. ಸೋಪು ಹಾಕಬೇಡಿ, ಮಣ್ಣು ಕುಡಿದುಬಿಡುತ್ತದೆ. ಮಡಕೆಯನ್ನು ನೆರಳಲ್ಲಿ ಗಾಳಿ ಆಡುವ ಕಡೆ ಇಡಬೇಕು. ಮೂಲೆಯಲ್ಲಿ ಇಟ್ಟು ಪ್ಲಾಸ್ಟಿಕ್ ಹೊದಿಸಿದರೆ ತಣ್ಣಗಾಗಲಿಲ್ಲ ಎಂದು ಕುಂಬಾರರನ್ನು ಬೈಯುವ ಹಾಗಿಲ್ಲ.

ಗಟ್ಟಿಯಾಗುವುದು ಹೇಗೆ?

23 ಡಿಗ್ರಿ ತಂಪಿನಲ್ಲಿ ಐಸ್‌ಕ್ರೀಂ ಆಗುವುದಿಲ್ಲ. ಹಾಗಾದರೆ ಗಟ್ಟಿಯಾದ ಸಿಹಿ ಹೇಗೆ? ಇಲ್ಲಿ ಸಹಾಯಕ್ಕೆ ಬರುವುದು ಚೈನಾ ಗ್ರಾಸ್. ಹೆಸರಿನಲ್ಲಿ ಹುಲ್ಲು ಇದ್ದರೂ ಅದು ಹುಲ್ಲಲ್ಲ, ಸಮುದ್ರದ ಕೆಂಪು ಪಾಚಿಯಿಂದ ತೆಗೆದ ವಸ್ತು. ವಿಜ್ಞಾನದವರು ಅಗರ್ ಎನ್ನುತ್ತಾರೆ. ದಿನಸಿ ಅಂಗಡಿಯಲ್ಲಿ ಬಿಳೀ ಪಟ್ಟಿಗಳ ಪೊಟ್ಟಣ ಸಿಗುತ್ತದೆ, ರಂಜಾನ್ ತಿಂಗಳಲ್ಲಂತೂ ಖಂಡಿತ ಇರುತ್ತದೆ. ತಮಿಳುನಾಡಿನ ರಾಮನಾಥಪುರದ ಕಡಲಿನಲ್ಲಿ ಹೆಣ್ಣುಮಕ್ಕಳು ನೀರಿಗೆ ಮುಳುಗಿ ಈ ತರಹದ ಪಾಚಿ ಕಿತ್ತು ತರುತ್ತಾರೆ.

ಅಗರಿನ ಗುಣ ವಿಚಿತ್ರ. ಕರಗಬೇಕಾದರೆ ನೀರು ಕುದಿಯಬೇಕು. ಆದರೆ ಸುಮಾರು 35 ಡಿಗ್ರಿಗೆ ಬಂದರೆ ಸಾಕು, ತಾನೇ ಗಟ್ಟಿಯಾಗುತ್ತದೆ. ಒಂದು ಸಲ ಗಟ್ಟಿಯಾದ ಮೇಲೆ 85 ಡಿಗ್ರಿವರೆಗೆ ಕರಗುವುದಿಲ್ಲ! ಅಂದರೆ ನಮ್ಮ ಬೇಸಿಗೆಯಲ್ಲೂ ಫ್ರಿಜ್ ಇಲ್ಲದೆ ಕಟ್ಟುತ್ತದೆ, ಬಿಸಿಲಿಗೆ ಇಟ್ಟರೂ ನೀರಾಗುವುದಿಲ್ಲ. ಪೇಟೆಯಲ್ಲಿ ಸಿಗುವ ಇನ್ನೊಂದು ಜೆಲ್ಲಿ ಪುಡಿ ಜೆಲಟಿನ್‌ನಿಂದ ಮಾಡಿದ್ದು. ಅದು ಪ್ರಾಣಿಗಳ ಚರ್ಮ, ಮೂಳೆಯಿಂದ ಬರುತ್ತದೆ. ಅದು ಕಟ್ಟಬೇಕಾದರೆ ಫ್ರಿಜ್ ಬೇಕೇ ಬೇಕು, ಬಾಯಿಗಿಟ್ಟರೆ ಕರಗುತ್ತದೆ. ಹಸಿ ಅನಾನಸ್, ಪರಂಗಿ ಹಾಕಿದರೆ ಆ ಹಣ್ಣಿನಲ್ಲಿರುವ ಕಿಣ್ವಗಳು ಜೆಲಟಿನ್ನನ್ನು ಕತ್ತರಿಸಿಹಾಕುತ್ತವೆ, ಜೆಲ್ಲಿ ಆಗುವುದೇ ಇಲ್ಲ. ಅಗರಿಗೆ ಆ ತೊಂದರೆ ಇಲ್ಲ.

ಈ ಅಗರಿನ ಹಿಂದೆ ಒಬ್ಬ ಗೃಹಿಣಿಯ ಕಥೆ ಇದೆ. ಇದನ್ನು ಓದಿದಾಗಿನಿಂದ ನನಗೆ ಅಡುಗೆ ಮನೆ ಬೇರೆ ತರಹ ಕಾಣುತ್ತಿದೆ. ಜರ್ಮನಿಯಲ್ಲಿ ರಾಬರ್ಟ್ ಕೋಕ್ ಎಂಬ ದೊಡ್ಡ ವಿಜ್ಞಾನಿಯ ಪ್ರಯೋಗಾಲಯದಲ್ಲಿ ವಾಲ್ಥರ್ ಹೆಸ್ಸೆ ಎಂಬುವರು ಕೆಲಸ ಮಾಡುತ್ತಿದ್ದರು. ರೋಗದ ಕ್ರಿಮಿಗಳನ್ನು ಬೆಳೆಸಿ ನೋಡಬೇಕಾದರೆ ಗಟ್ಟಿಯಾದ ಒಂದು ಹಾಸು ಬೇಕು. ಜೆಲಟಿನ್ ಹಾಕುತ್ತಿದ್ದರು, ಬೇಸಿಗೆ ಬಂದರೆ ಎಲ್ಲ ಕರಗಿ ನೀರು. ಅವರ ಹೆಂಡತಿ ಫ್ಯಾನಿ ಹೆಸ್ಸೆ ಮನೆಯಲ್ಲಿ ಮಾಡುತ್ತಿದ್ದ ಹಣ್ಣಿನ ಜೆಲ್ಲಿ ಮಾತ್ರ ಎಂಥ ಸೆಖೆಯಲ್ಲೂ ಕರಗುತ್ತಿರಲಿಲ್ಲ. ಆಕೆ ಅಗರ್ ಹಾಕುತ್ತಿದ್ದರು. ಜಾವಾ ದ್ವೀಪದಲ್ಲಿದ್ದು ಬಂದ ನೆರೆಮನೆಯವರಿಂದ ಚಿಕ್ಕಂದಿನಲ್ಲಿ ಕಲಿತದ್ದಂತೆ. 1881ರಲ್ಲಿ ಗಂಡ ಪೇಚಾಡುವುದನ್ನು ನೋಡಿ, ನನ್ನ ಅಗರನ್ನೇ ಹಾಕಿ ನೋಡಿ ಎಂದು ಸಲಹೆ ಕೊಟ್ಟರು. ಇವತ್ತಿಗೂ ಪ್ರಪಂಚದ ಎಲ್ಲ ಪ್ರಯೋಗಾಲಯಗಳಲ್ಲಿ ಕ್ರಿಮಿ ಬೆಳೆಸುವುದು ಅಗರಿನ ಮೇಲೆಯೇ. ಕೋಕ್ 1882ರಲ್ಲಿ ಕ್ಷಯರೋಗದ ಬಗ್ಗೆ ಬರೆದ ಪ್ರಸಿದ್ಧ ಲೇಖನದಲ್ಲಿ ಅಗರಿನ ಮಾತು ಬರುತ್ತದೆ, ಫ್ಯಾನಿ ಹೆಸರು ಬರುವುದಿಲ್ಲ. ಇದು ನನಗೆ ಸರಿ ಅನ್ನಿಸಲಿಲ್ಲ.

ದ್ರಾಕ್ಷಿ ಯಾವುದು?

ನಮ್ಮ ಕಡೆ ಚಪ್ಪರದ ಮೇಲೆ ಬೆಳೆಯುವ ಕಪ್ಪು ದ್ರಾಕ್ಷಿಗೆ ‘ಬೆಂಗಳೂರು ಬ್ಲೂ’ ಎಂದು ಹೆಸರು. ಬೆಂಗಳೂರಿನ ಹೆಸರಿದ್ದರೂ ನಮ್ಮ ಚಿಕ್ಕಬಳ್ಳಾಪುರ, ಕೋಲಾರದ ತೋಟಗಳಲ್ಲೂ ಬೆಳೆಯುತ್ತದೆ. 2013ರಲ್ಲಿ ಇದಕ್ಕೆ ಭೌಗೋಳಿಕ ಸೂಚಕದ ಮಾನ್ಯತೆ ಸಿಕ್ಕಿದೆ. ಸಿಪ್ಪೆ ದಪ್ಪ, ಬೀಜ ಇದೆ, ಅದುಮಿದರೆ ತಿರುಳು ಗುಳುಕ್ಕನೆ ಸಿಪ್ಪೆ ಬಿಟ್ಟು ಆಚೆ ಬರುತ್ತದೆ. ಪೇಟೆಯವರು ಬೀಜ ಇಲ್ಲದ ಹಸಿರು ದ್ರಾಕ್ಷಿ ಕೇಳುತ್ತಾರೆ. ವಾಸನೆಗೆ ಮಾತ್ರ ನಮ್ಮ ಕಪ್ಪು ದ್ರಾಕ್ಷಿಯ ಹತ್ತಿರ ಯಾವುದೂ ಬರುವುದಿಲ್ಲ. ರಸಕ್ಕೆ ಇದೇ ಬೇಕು. ನಮ್ಮಲ್ಲಿ ಬೆಳೆಯುವ ದಿಲ್‌ಕುಶ್ ಹಾಗೇ ತಿನ್ನುವುದಕ್ಕೆ ಚೆಂದ, ಜೆಲ್ಲಿಯಲ್ಲಿ ತುಂಡು ಮಾಡಿ ಹಾಕುವುದಕ್ಕೆ ಇಟ್ಟುಕೊಳ್ಳಿ.

ಅಪ್ಪನ ಹತ್ತಿರ ದ್ರಾಕ್ಷಿ ಕೇಳಿದಾಗ ಮೊದಲು ಒಪ್ಪಲಿಲ್ಲ. “ಮಾರೋ ಹಣ್ಣಮ್ಮ ಅದು, ಆಟಕ್ಕಲ್ಲ” ಎಂದರು. ಅವರ ಕಷ್ಟ ನನಗೂ ಗೊತ್ತು. 2020ರ ಲಾಕ್‌ಡೌನ್‌ನಲ್ಲಿ ಕೊಳ್ಳುವವರು ಬರದೆ ಗೊಂಚಲು ಬಳ್ಳಿಯಲ್ಲೇ ಒಣಗಿತ್ತು. ಉಳಿದದ್ದನ್ನು ಗುಂಡಿಗೆ ಸುರಿದಾಗ ಅಪ್ಪ ಎರಡು ದಿನ ಸರಿಯಾಗಿ ಊಟ ಮಾಡಿರಲಿಲ್ಲ. ಆಗ ಅಮ್ಮ ಹೇಳಿದರು, “ಕ್ರೇಟಿಗೆ ತುಂಬೋವಾಗ ಉದುರುತ್ತಲ್ಲ, ಅದನ್ನ ತಗೊಳ್ಳಲಿ ಬಿಡಿ.” ಗೊಂಚಲಿನಿಂದ ಬಿಡಿಯಾಗಿ ಉದುರಿದ ಹಣ್ಣನ್ನು ವ್ಯಾಪಾರಿ ತೂಕಕ್ಕೆ ಸೇರಿಸುವುದಿಲ್ಲ. ಅದರಲ್ಲಿ ಒಡೆಯದ, ಹುಳಿ ವಾಸನೆ ಬಾರದ ಹಣ್ಣು ಆರಿಸಿದರೆ ರುಚಿಯಲ್ಲಿ ಏನೂ ಕಡಿಮೆ ಇಲ್ಲ. ಒಂದು ಬೆಳಗಿನ ಉದುರಿನಲ್ಲಿ ಎರಡು ಕಿಲೋ ಸಿಕ್ಕಿತು.

ಔಷಧಿಯ ವಿಷಯ ಹೇಳಲೇಬೇಕು. ದ್ರಾಕ್ಷಿಗೆ ಹೊಡೆಯುವಷ್ಟು ಔಷಧಿ ಬೇರೆ ಹಣ್ಣಿಗೆ ಹೊಡೆಯುವುದನ್ನು ನಾನು ನೋಡಿಲ್ಲ. ಔಷಧಿ ಡಬ್ಬಿಯ ಮೇಲೆ ಹೊಡೆದ ಮೇಲೆ ಎಷ್ಟು ದಿನ ಬಿಟ್ಟು ಕೊಯ್ಯಬೇಕು ಎಂದು ಬರೆದಿರುತ್ತದೆ. ಅಷ್ಟು ದಿನ ಆಗಿದೆಯೇ ಎಂದು ದೊಡ್ಡವರನ್ನು ಕೇಳಿಯೇ ಹಣ್ಣು ತನ್ನಿ. ತೊಳೆದರೆ ಮೇಲಿರುವುದು ಹೋಗುತ್ತದೆ, ಒಳಗೆ ಇಳಿದದ್ದು ಹೋಗುವುದಿಲ್ಲ. ಹಣ್ಣಿನ ಮೇಲೆ ತೆಳ್ಳಗೆ ಬೂದಿ ಬಳಿದ ಹಾಗೆ ಒಂದೇ ಸಮ ಇರುವ ಬಿಳುಪು ಔಷಧಿಯಲ್ಲ, ಅದು ಹಣ್ಣಿನದೇ ಮೇಣ. ಹನಿ ಹನಿಯಾಗಿ ಒಣಗಿದ ಕಲೆ ಇದ್ದರೆ ಅದು ಔಷಧಿ.

ಬೇಕಾಗುವ ಸಾಮಗ್ರಿ (ಎಂಟು ಜನಕ್ಕೆ)

ಕಪ್ಪು ದ್ರಾಕ್ಷಿ ಮುಕ್ಕಾಲು ಕಿಲೋ, ಚೈನಾ ಗ್ರಾಸ್ 10 ಗ್ರಾಂ, ಸಕ್ಕರೆ 125 ಗ್ರಾಂ, ಕುಡಿಯುವ ನೀರು ಅರ್ಧ ಲೀಟರ್, ದಿಲ್‌ಕುಶ್ ದ್ರಾಕ್ಷಿ ಒಂದು ಹಿಡಿ, ಚಿಟಿಕೆ ಉಪ್ಪು. ಹಣ್ಣು ಬಹಳ ಸಿಹಿ ಇದ್ದರೆ ಅರ್ಧ ನಿಂಬೆಹಣ್ಣು. ಏಲಕ್ಕಿ ಬೇಡ. ಅಜ್ಜಿ ಹಾಕು ಹಾಕು ಅಂದರು, ಹಾಕಿದರೆ ದ್ರಾಕ್ಷಿಯ ವಾಸನೆ ಓಡಿಹೋಯಿತು. ಬೆಲ್ಲವೂ ಆಗುತ್ತದೆ, ಆದರೆ ಬಣ್ಣ ಮಂಕಾಗುತ್ತದೆ.

ಮಾಡುವ ವಿಧಾನ

ಹಣ್ಣನ್ನು ಬಿಡಿಸಿ ಮೂರು ನೀರಿನಲ್ಲಿ ಉಜ್ಜಿ ತೊಳೆಯಿರಿ. ಸ್ಟೀಲ್ ಪಾತ್ರೆಗೆ ಹಾಕಿ, ಅರ್ಧ ಲೋಟ ನೀರು ಬಿಟ್ಟು ಸಣ್ಣ ಉರಿಯಲ್ಲಿ ಇಡಿ. ಅಲ್ಯೂಮಿನಿಯಂ, ಕಬ್ಬಿಣದ ಪಾತ್ರೆ ಬೇಡ, ದ್ರಾಕ್ಷಿಯ ಹುಳಿ ಅವುಗಳ ಜೊತೆ ವರ್ತಿಸುತ್ತದೆ. ಹತ್ತು ನಿಮಿಷದಲ್ಲಿ ಸಿಪ್ಪೆ ಒಡೆದು, ನೋಡನೋಡುತ್ತಲೇ ನೀರು ನೇರಳೆ ಆಗುತ್ತದೆ. ದ್ರಾಕ್ಷಿಯ ತಿರುಳಿಗೆ ಬಣ್ಣವಿಲ್ಲ, ಬಣ್ಣವೆಲ್ಲ ಸಿಪ್ಪೆಯಲ್ಲಿದೆ. ಬಿಸಿ ತಾಗಿದರೆ ಬಿಟ್ಟುಕೊಡುತ್ತದೆ. (ಇದರ ಹೆಸರು ಆಂಥೊಸಯನಿನ್. ಒಂದು ಚಮಚ ರಸಕ್ಕೆ ನಿಂಬೆರಸ ಹಿಂಡಿ ನೋಡಿ, ಕೆಂಪಗಾಗುತ್ತದೆ. ಇನ್ನೊಂದು ಚಮಚಕ್ಕೆ ಅಡುಗೆ ಸೋಡಾ ಹಾಕಿ, ನೀಲಿ ಹಸಿರು. ಲಿಟ್ಮಸ್ ಕಾಗದ ಮುಗಿದಿದ್ದರೆ ಶಾಲೆಗೆ ಇದನ್ನೇ ತರಬಹುದು!)

ಸೌಟಿನ ಹಿಂಭಾಗದಿಂದ ಮೆಲ್ಲಗೆ ಹಿಸುಕಿ, ತೆಳ್ಳನೆಯ ಬಟ್ಟೆಯಲ್ಲಿ ಸೋಸಿ. ಮಿಕ್ಸಿಗೆ ಹಾಕಲೇಬೇಡಿ. ಬೀಜ ಒಡೆದರೆ ರಸ ಒಗರಾಗುತ್ತದೆ. ಅರ್ಧ ಲೀಟರ್ ಆಸುಪಾಸು ರಸ ಬರುತ್ತದೆ.

ರಸ ಸೋಸುವ ಮೊದಲೇ ಚೈನಾ ಗ್ರಾಸನ್ನು ಚಿಕ್ಕದಾಗಿ ಕತ್ತರಿಸಿ, ಉಳಿದ ನೀರಿನಲ್ಲಿ ಅರ್ಧ ಗಂಟೆ ನೆನೆಹಾಕಿರಿ. ಅದೇ ನೀರಿನ ಸಮೇತ ಒಲೆಗಿಟ್ಟು, ಕುದಿ ಬಂದ ಮೇಲೆ ಎಂಟು ಹತ್ತು ನಿಮಿಷ ಕೈಯಾಡಿಸಿ. ಒಂದು ಎಳೆಯೂ ಕಾಣದ ಹಾಗೆ ಕರಗಬೇಕು. ಸಕ್ಕರೆ, ಉಪ್ಪು ಹಾಕಿ ಕರಗಿಸಿ ಒಲೆಯಿಂದ ಇಳಿಸಿ. ಈಗ ದ್ರಾಕ್ಷಿ ರಸವನ್ನು ಇದಕ್ಕೆ ಸುರಿಯಿರಿ. ರಸ ಕೈ ಸುಡುವಷ್ಟಲ್ಲದಿದ್ದರೂ ಚೆನ್ನಾಗಿ ಬೆಚ್ಚಗಿರಬೇಕು.

ಈ ಜಾಗದಲ್ಲೇ ನಾನು ಮೂರು ಸಲ ಎಡವಿದ್ದು. ಮೊದಲ ಸಲ ರಸ ತಣ್ಣಗಾಗಿತ್ತು. ಸುರಿದ ಕೂಡಲೇ ಅಗರ್ ಅಲ್ಲಲ್ಲೇ ಕಟ್ಟಿಕೊಂಡು, ಹೊಸದಾಗಿ ಮುದ್ದೆ ತಿರುವಲು ಕಲಿತವರ ಮುದ್ದೆಯ ಹಾಗೆ ಗಂಟು ಗಂಟಾಯಿತು. ಎರಡನೇ ಸಲ ಕೆಲಸ ಉಳಿಸೋಣ ಅಂತ ರಸ, ಅಗರ್ ಎರಡನ್ನೂ ಒಟ್ಟಿಗೆ ಕುದಿಸಿದೆ. ಹುಳಿಯ ಜೊತೆ ಬಹಳ ಹೊತ್ತು ಕುದ್ದರೆ ಅಗರಿನ ಶಕ್ತಿ ಮುರಿಯುತ್ತದೆ, ಸಂಜೆವರೆಗೂ ಲೊಳಲೊಳ ಅಂತಲೇ ಇತ್ತು. ಮೂರನೇ ಸಲ ರುಚಿ ಹೆಚ್ಚಲಿ ಎಂದು ಹಾಲು ಬೆರೆಸಿದೆ. ಹಾಲು ಒಡೆದು ಕಂದು ಬಣ್ಣದ ಪನ್ನೀರಾಯಿತು. ಅದನ್ನು ತಿಂದವನು ತಮ್ಮ ಒಬ್ಬನೇ. ಹಾಲು ಬೇಕೆನ್ನುವವರು ಮಾವು, ಬಾಳೆಯಂಥ ಹುಳಿ ಕಡಿಮೆ ಇರುವ ಹಣ್ಣಿಗೆ ಹಾಕಿಕೊಳ್ಳಿ, ಅದೂ ಹಾಲು ಆರಿದ ಮೇಲೆ. ದ್ರಾಕ್ಷಿಗೆ ಬೇಡ.

ಸಕ್ಕರೆ ನೋಡುವಾಗ ಒಂದು ಕಿವಿಮಾತು. ತಣ್ಣಗಿದ್ದಾಗ ನಾಲಿಗೆಗೆ ಸಿಹಿ ಕಡಿಮೆ ತಿಳಿಯುತ್ತದೆ. ಬಿಸಿಯಲ್ಲಿ ರುಚಿ ನೋಡಿದಾಗ ಒಂದು ಗುಲಗಂಜಿ ಜಾಸ್ತಿ ಸಿಹಿ ಅನ್ನಿಸಿದರೆ ತಣ್ಣಗಾದಾಗ ಸರಿಹೋಗುತ್ತದೆ. ಸಕ್ಕರೆ ಕಾಯಿಲೆ ಇರುವ ತಾತ, ಅಜ್ಜಿಯರ ಪಾಲಿಗೆ ಸಕ್ಕರೆ ಹಾಕದೆ ಬೇರೆ ಬಟ್ಟಲು ಎತ್ತಿಡಿ, ಅಗರ್ ಸಕ್ಕರೆ ಇಲ್ಲದೆಯೂ ಕಟ್ಟುತ್ತದೆ. ಆದರೆ ದ್ರಾಕ್ಷಿಯಲ್ಲೇ ಸಕ್ಕರೆ ಇದೆ, ಬಟ್ಟಲು ಚಿಕ್ಕದಿರಲಿ.

ಮಿಶ್ರಣವನ್ನು ಮುಚ್ಚಳ ಇರುವ ಸ್ಟೀಲ್ ಡಬ್ಬಿಗೆ ಮುಕ್ಕಾಲು ಭಾಗ ಹೊಯ್ಯಿರಿ. ದಿಲ್‌ಕುಶ್ ದ್ರಾಕ್ಷಿಯನ್ನು ಎರಡು ಹೋಳು ಮಾಡಿ ಬೀಜ ತೆಗೆದು ಮೇಲಿಂದ ಬಿಡಿ. ಅಲುಗಾಡಿಸದೆ ಮುಕ್ಕಾಲು ಗಂಟೆ ಬಿಟ್ಟರೆ ಕಟ್ಟುತ್ತದೆ.

ಈಗ ತಂಪಿನ ಸರದಿ. ಅಗಲ ಬಾಯಿಯ ಮಡಕೆಗೆ ಹಿಂದಿನ ರಾತ್ರಿಯೇ ನೀರು ತುಂಬಿ ಹೊರಗಿಟ್ಟಿರಿ. ರಾತ್ರಿಯ ತಂಪು ಬಿಟ್ಟಿ ಸಿಗುತ್ತದೆ. ಬೆಳಿಗ್ಗೆ ಒಳಗೆ ತಂದು ಕಿಟಕಿಯ ಪಕ್ಕ ಇಟ್ಟು, ಹೊರಮೈಗೆ ಒದ್ದೆ ಗೋಣಿತಾಟು ಸುತ್ತಿ. ಡಬ್ಬಿಯ ಮುಚ್ಚಳ ಬಿಗಿ ಮಾಡಿ, ಕುತ್ತಿಗೆವರೆಗೆ ಮುಳುಗುವ ಹಾಗೆ ಮಡಕೆಯ ನೀರಿನಲ್ಲಿ ಇಳಿಸಿ. ಬರೀ ಖಾಲಿ ಮಡಕೆಯೊಳಗೆ ಇಟ್ಟರೆ ಆಗದೇ? ಆಗುತ್ತದೆ, ಆದರೆ ಬಹಳ ನಿಧಾನ. ಗಾಳಿಗಿಂತ ನೀರು ಶಾಖವನ್ನು ಬೇಗ ಎಳೆಯುತ್ತದೆ, ಸ್ಟೀಲು ಬೇಗ ದಾಟಿಸುತ್ತದೆ. ಎರಡು ಗಂಟೆ ಬಿಡಿ, ನಡುವೆ ಗೋಣಿ ಒಣಗಿದರೆ ನೀರು ಚಿಮುಕಿಸಿ. ತೆಗೆದು ಚಾಕುವಿನಿಂದ ಮೈಸೂರುಪಾಕಿನ ಹಾಗೆ ಕೊಯ್ದು ತಟ್ಟೆಗೆ ಹಾಕಿ. ಐಸಿನ ಹಾಗೆ ಹಲ್ಲು ಜುಂ ಅನ್ನುವುದಿಲ್ಲ. ಗಂಟಲಿಗೆ ಇಳಿಯುವಾಗ ತಣ್ಣಗೆ ಗೊತ್ತಾಗುತ್ತದೆ. ಖೋವಾ, ಕೆನೆ, ತುಪ್ಪ ಯಾವುದೂ ಇಲ್ಲದ್ದರಿಂದ ಮಧ್ಯಾಹ್ನ ತಿಂದು ಹೊಟ್ಟೆ ಭಾರ ಅನ್ನಿಸುವುದಿಲ್ಲ.

ಒಂದು ಎಚ್ಚರಿಕೆ. ಮಡಕೆ ತಂಪು ಮಾಡುತ್ತದೆ, ಕಾಪಾಡುವುದಿಲ್ಲ. ಕ್ರಿಮಿ ಬೆಳೆಯದೆ ಇರಬೇಕಾದರೆ ಐದು ಡಿಗ್ರಿಗಿಂತ ಕೆಳಗೆ ಇರಬೇಕು, ಮಡಕೆ ಇಪ್ಪತ್ತರ ಮೇಲೇ ನಿಲ್ಲುತ್ತದೆ. ಫ್ಯಾನಿಯಮ್ಮನ ಕಥೆ ನೆನಪಿದೆಯಲ್ಲ, ಅಗರ್ ಎಂದರೆ ಕ್ರಿಮಿಗಳಿಗೂ ಒಳ್ಳೆಯ ಹಾಸಿಗೆ! ಬೆಳಿಗ್ಗೆ ಮಾಡಿದ್ದನ್ನು ಸಂಜೆಯೊಳಗೆ ಮುಗಿಸಿ. ನಮ್ಮ ಮನೆಯಲ್ಲಿ ಅರ್ಧ ಗಂಟೆಯೂ ಉಳಿಯಲಿಲ್ಲ. ಫ್ರಿಜ್ ಇರುವವರು ಮರುದಿನಕ್ಕೆ ಇಟ್ಟುಕೊಳ್ಳಬಹುದು. ಬರೀ ದ್ರಾಕ್ಷಿ ರಸವನ್ನು ಫ್ರಿಜ್‌ನಲ್ಲಿ ಕೆಲವು ದಿನ ಇಟ್ಟರೆ ತಳದಲ್ಲಿ ಮರಳಿನ ಹಾಗೆ ಕಣ ಕೂರುತ್ತದೆ. ಗಾಬರಿಯಾಗಬೇಡಿ, ಅದು ದ್ರಾಕ್ಷಿಯಲ್ಲೇ ಇರುವ ಟಾರ್ಟಾರಿಕ್ ಆಮ್ಲದ ಲವಣ. ತಣ್ಣಗಾದಾಗ ಹರಳಾಗುತ್ತದೆ.

ಚೈನಾ ಗ್ರಾಸ್ ಸಿಗದಿದ್ದರೆ ನಮ್ಮ ಹಳೇ ರಸಾಯನ ಇದ್ದೇ ಇದೆ. ಬಾಳೆಹಣ್ಣು ಹೆಚ್ಚಿ, ಬೆಲ್ಲ ಕರಗಿಸಿದ ತೆಂಗಿನಹಾಲು ಹಾಕಿ, ಅದೇ ಡಬ್ಬಿಯಲ್ಲಿ ಅದೇ ಮಡಕೆಗೆ ಇಳಿಸಿ ಒಂದು ಗಂಟೆ ಬಿಡಿ. ತೆಂಗಿನಹಾಲು ಬೇಗ ಹುಳಿಯಾಗುತ್ತದೆ, ಕೂಡಲೇ ತಿನ್ನಬೇಕು.

ಮಡಕೆಯ ಮೇಲೆ ನಂಬಿಕೆ ಬಾರದವರಿಗೆ ಇನ್ನೊಂದು ಸುದ್ದಿ. ಆಫ್ರಿಕಾದ ನೈಜೀರಿಯಾದಲ್ಲಿ ಮೊಹಮ್ಮದ್ ಬಾಹ್ ಅಬ್ಬಾ ಎಂಬ ಮೇಷ್ಟ್ರು ಇದ್ದರು, ಮಡಕೆ ಮಾಡುವ ಮನೆತನದವರು. ದೊಡ್ಡ ಮಡಕೆಯೊಳಗೆ ಚಿಕ್ಕ ಮಡಕೆ ಇಟ್ಟು, ನಡುವೆ ಮರಳು ತುಂಬಿ ನೀರು ಹಾಕಿ, ಮೇಲೆ ಒದ್ದೆ ಬಟ್ಟೆ ಮುಚ್ಚಿದರು. ಮೂರು ದಿನಕ್ಕೆ ಬಾಡುತ್ತಿದ್ದ ಬದನೆಕಾಯಿ ಅದರಲ್ಲಿ 27 ದಿನ ಉಳಿಯಿತು. ಆ ಕೆಲಸಕ್ಕೆ 2000ದಲ್ಲಿ ಅವರಿಗೆ ರೋಲೆಕ್ಸ್ ಪ್ರಶಸ್ತಿ ಬಂತು. ದೆಹಲಿಯ ಪೂಸಾದಲ್ಲಿರುವ ಭಾರತೀಯ ಕೃಷಿ ಸಂಶೋಧನಾ ಸಂಸ್ಥೆಯವರು 1980ರ ದಶಕದಲ್ಲಿ ಇದೇ ತತ್ವದ ಮೇಲೆ ಎರಡು ಸಾಲು ಇಟ್ಟಿಗೆ ಗೋಡೆಯ ನಡುವೆ ಒದ್ದೆ ಮರಳು ತುಂಬಿ ಕರೆಂಟಿಲ್ಲದ ತಂಪು ಪೆಟ್ಟಿಗೆ ಮಾಡಿ ತೋರಿಸಿದರು. ಅಪ್ಪ ಇದನ್ನು ಎರಡು ಸಲ ಓದಿಸಿಕೊಂಡರು. ಮೋಟರು ಮನೆಯ ಪಕ್ಕ ಹಳೇ ಇಟ್ಟಿಗೆ ಬಿದ್ದಿವೆ, ನೋಡೋಣ ಅಂದಿದ್ದಾರೆ.

ನಾನು ತಂದ ಎರಡು ಪೊಟ್ಟಣ ಚೈನಾ ಗ್ರಾಸಿನಲ್ಲಿ ಒಂದನ್ನು ವಿಜ್ಞಾನದ ಬೀರುವಿನಲ್ಲಿ ಇಟ್ಟಿದ್ದೇನೆ. ಮಾಡಿ ನೋಡುವವರು ಮೇಡಂ ಅವರನ್ನು ಕೇಳಿ ತೆಗೆದುಕೊಳ್ಳಿ. ಥರ್ಮಾಮೀಟರ್ ಒಂದೇ ಇದೆ, ಒಡೆಯಬೇಡಿ.

— ಒಂಬತ್ತನೇ ತರಗತಿಯ ಒಬ್ಬ ವಿದ್ಯಾರ್ಥಿನಿ